ಡ್ರೈವರಣ್ಣನ ಉಸ್ತುವಾರಿ ಕುರಿತು

ಇಂದ:
ದರ್ಜಿ,
ಅಡುಗೆಮನೆ ಪಕ್ಕದ ಕೋಣೆ

ಗೆ:
ದೊಡ್ಡಣ್ಣನವರು,
ಔಷಧಿ ಅಂಗಡಿ ನೌಕರರು ಹಾಗೂ ನಾವು ನಾಲ್ವರಿರುವ ಈ ಬಾಡಿಗೆ ಮನೆಯ ಸ್ವಯಂಘೋಷಿತ ಯಜಮಾನರು,
ಹಾಲ್‌ನ ಸೋಫಾ

ವಿಷಯ: ಡ್ರೈವರಣ್ಣನನ್ನು ಪೇಂಟರ್‌ಗೆ ವರ್ಗ ಮಾಡುವುದನ್ನು ತಡೆಹಿಡಿಯುವ ಬಗ್ಗೆ.

ಉಲ್ಲೇಖ: "ಏನು ಕೆಟ್ಟಿದೆ ಅಂತ ಯಾರು ಮೊದಲು ಬಾಯಿ ಬಿಡ್ತಾರೋ, ಅವ್ರೇ ಸರಿಮಾಡಿಸ್ಬೇಕು" ಎಂದು ತಾವು ಸೋಫಾದಿಂದ ಏಳದೆ ಹೊರಡಿಸಿದ ಆದೇಶ.

ಮಾನ್ಯರೇ,

ಅರ್ಜಿದಾರನಾದ ದರ್ಜಿಯು ಅರಿಕೆ ಮಾಡಿಕೊಳ್ಳುವುದೇನೆಂದರೆ,

೧. ಸದರಿ ಆದೇಶ ಜಾರಿಯಾದಂದಿನಿಂದ ಮನೆಯಲ್ಲಿ ಉಳಿದ ಮೂವರೂ ತುಟಿ ಹೊಲಿದುಕೊಂಡಿದ್ದಾರೆ. ಸ್ನಾನದ ಕೋಣೆಯ ಬಲ್ಬು ಸುಟ್ಟುಹೋಗಿದ್ದು, ಎಲ್ಲರೂ ಕತ್ತಲಲ್ಲೇ ಮಿಂದು ಏನೂ ಆಗದವರಂತೆ ಹೊರಬರುತ್ತಾರೆ. ಪೇಂಟರ್ ಮಹಾಶಯರು ಕಾಲು ಮುರಿದ ಕುರ್ಚಿಯ ಮೇಲೆ ಉಸಿರು ಬಿಗಿಹಿಡಿದು ಕೂತು ಪೇಪರ್ ಓದುತ್ತಾರೆಯೇ ಹೊರತು ಕುರ್ಚಿಯ ಸುದ್ದಿ ಎತ್ತುವುದಿಲ್ಲ.

೨. ಅರ್ಜಿದಾರನ ಬಾಯಿ ಸುಮ್ಮನಿರುವುದಿಲ್ಲ. ಈ ಕಾರಣ ನಲ್ಲಿ, ಮೋರಿ, ಗ್ಯಾಸ್ ಒಲೆ ಮತ್ತು ಪಕ್ಕದ ಮನೆಯವರ ಮುನಿಸು ಎಲ್ಲವೂ ಅವನ ಕೊರಳಿಗೇ ಬಿದ್ದಿವೆ. ಇದಕ್ಕೆ ಅವನ ತಕರಾರಿಲ್ಲ. ಇದೆಯೆಂದರೆ ತಕರಾರಿನ ಉಸ್ತುವಾರಿಯೂ ಅವನಿಗೇ ಬರುತ್ತದೆ.

೩. ಈ ಮಧ್ಯೆ ಡ್ರೈವರಣ್ಣನಿಗೆ ಗೊತ್ತಾಗಿದ್ದ ಮದುವೆ ಮುರಿದುಬಿತ್ತು. ಅವನು ತಟ್ಟೆ ಮುಂದೆ ಕೂರುತ್ತಿದ್ದ, ತಿನ್ನುತ್ತಿರಲಿಲ್ಲ. ಕೇಳಿದರೆ ತಲೆಗೆ ಸುತ್ತಿಕೊಳ್ಳುತ್ತದೆಂದು ತಾವು ಟೀವಿಯ ಸದ್ದು ಏರಿಸಿದಿರಿ, ಪೇಂಟರ್ ಸೂರು ನೋಡಿದರು. ಆದ್ದರಿಂದ ಅರ್ಜಿದಾರನೇ, "ಯಾಕೋ, ಊಟ ಸೇರ್ತಿಲ್ವಾ?" ಎಂದುಬಿಟ್ಟ. ತಾವು ತಕ್ಷಣ, "ನೋಡಪ್ಪಾ, ನೀನೇ ಬಾಯಿ ಬಿಟ್ಟೆ. ಇನ್ನು ಅವನು ನಿನ್ನ ಡಿಪಾರ್ಟ್‌ಮೆಂಟು" ಎಂದಿರಿ.

೪. ಅಂದಿನಿಂದ ಡ್ರೈವರಣ್ಣ ಬಸ್ ಇಳಿದವನೇ ಹೊಲಿಗೆ ಯಂತ್ರದ ಪಕ್ಕ ಕೂತು ಮದುವೆ ಮುರಿದ ಅದೇ ಕಥೆಯನ್ನು ಮೊದಲಿನಿಂದ ಹೇಳುತ್ತಾನೆ. ಕೇಳುತ್ತಾ ಕೇಳುತ್ತಾ ಅರ್ಜಿದಾರ ಗಿರಾಕಿಯ ಪ್ಯಾಂಟಿನ ಎರಡೂ ಕಾಲುಗಳನ್ನು ಸೇರಿಸಿ ಹೊಲಿದುಬಿಟ್ಟ. "ಇದನ್ನ ಹಾಕ್ಕೊಂಡು ಅವ್ನು ಕುಪ್ಪಳಿಸ್ಬೇಕೇನೋ!" ಎಂದು ಡ್ರೈವರಣ್ಣ ಹೊಟ್ಟೆ ಹಿಡಿದು ನಕ್ಕ. ಹೊಲಿಗೆ ಬಿಚ್ಚಿಕೊಟ್ಟು, ಅಲ್ಲೇ ಊಟವನ್ನೂ ಮಾಡಿದ. ಆಗ ಅರ್ಜಿದಾರನಿಗಾದ ಸಂತೋಷ ಯಾವ ಕಲಮಿನಡಿ ಬರುತ್ತದೋ ತಿಳಿಯದು.

೫. ನಿನ್ನೆ ತಾವು, "ಪಾಪ, ಸುಸ್ತಾಗಿದ್ದೀಯ. ಡ್ರೈವರ್‌ನ ಪೇಂಟರ್‌ಗೆ ವರ್ಗ ಮಾಡ್ತೀನಿ" ಎಂದು ಕನಿಕರ ತೋರಿದ್ದೀರಿ. ಅರ್ಜಿದಾರ ಕತ್ತರಿ ಕೆಳಗಿಟ್ಟು ಈ ಅರ್ಜಿ ಬರೆಯಲು ಕೂತಿದ್ದಾನೆ. ಪೇಂಟರ್ ಒಳ್ಳೆಯವರೇ, ಆದರೆ ಕಥೆಯಲ್ಲಿ ಹುಡುಗಿ ಬರುವ ಮೊದಲೇ ಗೊರಕೆ ಹೊಡೆಯುತ್ತಾರೆ.

ಆದ್ದರಿಂದ, ನಲ್ಲಿ, ಮೋರಿ, ಒಲೆ, ಮುನಿಸುಗಳನ್ನು ತಾವು ಯಾರಿಗೆ ಬೇಕಾದರೂ ದಾಟಿಸಬಹುದು. ಡ್ರೈವರಣ್ಣನನ್ನು ಮಾತ್ರ ಅರ್ಜಿದಾರನ ಬಳಿಯೇ ಬಿಡಬೇಕು. ಅವನು ಪೂರ್ತಿ ಸರಿಹೋದ ಮೇಲೂ ವಾಪಸ್ ಪಡೆಯಕೂಡದು.

ಗೋಡೆಯಾಚೆಯಿಂದಲೇ ತಮ್ಮ ವಿಶ್ವಾಸಿ,
ದರ್ಜಿ

ಲಗತ್ತು: ಡ್ರೈವರಣ್ಣ ಖಾಲಿ ಮಾಡಿದ ತಟ್ಟೆ, ಒಂದು. ಸಾಕ್ಷ್ಯ ಅಳಿಯಬಾರದೆಂದು ತೊಳೆದಿಲ್ಲ. ಪರಿಶೀಲಿಸಿ ಊಟದ ಹೊತ್ತಿಗೆ ಹಿಂದಿರುಗಿಸಬೇಕು. ಅವನಿಗೆ ಈಗ ಹಸಿವಾಗುತ್ತದೆ.