ರಾಕ್ಷಸರಿಗೆ ಅಂಕ, ಟೀ ಬಿಡುವಿಗೆ ಸೊನ್ನೆ

ಜನರನ್ನು ಒಗ್ಗೂಡಿಸಲು ಹೊರಟವನಿಗೆ ದಿನಕ್ಕೊಂದು ಅವಮಾನ ಪುಕ್ಕಟೆ ಸಿಗುತ್ತದೆ. ಇಸವಿ ಎರಡು ಸಾವಿರ ದಾಟಿದ ಹೊಸತು. ನ್ಯೂಜಿಲೆಂಡಿನ ಪುಕೆಕೊಹೆ ಊರಿನ ಈರುಳ್ಳಿ ಪ್ಯಾಕಿಂಗ್ ಶೆಡ್ಡಿನಲ್ಲಿ ಮ್ಯಾನೇಜರು ನಮ್ಮ ಹದಿನೈದು ನಿಮಿಷದ ಟೀ ಬಿಡುವನ್ನು ಹತ್ತಕ್ಕೆ ಇಳಿಸಿದ. ಎಲ್ಲರೂ ಒಟ್ಟಿಗೆ ಹೋಗಿ ಕೇಳೋಣ ಎಂದು ನಾನು ಗಂಟಲು ಹರಿದುಕೊಳ್ಳುತ್ತಿದ್ದೆ. ನನ್ನ ಜನ ಉಳಿದ ಹತ್ತು ನಿಮಿಷವನ್ನೂ ಒಂದು ಟೀವಿ ಧಾರಾವಾಹಿಗೆ ದಾನ ಮಾಡಿದ್ದರು. ರೆಕ್ಕೆಯ ರಾಕ್ಷಸರು, ಮಾತಾಡುವ ಕತ್ತಿ, ಡ್ರ್ಯಾಗನ್ನು. ಯಾವ ಕಂತು ಶ್ರೇಷ್ಠ, ಯಾವುದು ಕಳಪೆ ಎಂದು ಕೈ ಎತ್ತಿಸಿ ತೀರ್ಮಾನಿಸಿ, ಟೀ ಕೋಣೆಯ ಬಿಳಿ ಹಲಗೆಯ ಮೇಲೆ ಬರೆಯುತ್ತಿದ್ದರು.

ಮತದಾನ

ಒಂದು ದಿನ ಹಲಗೆಯ ಮುಂದೆ ನಿಂತು, "ಬಿಡುವು ವಾಪಸ್ ಬೇಕು ಅನ್ನೋರು ಕೈ ಎತ್ತಿ" ಎಂದೆ. ಒಂದು ಕೈಯೂ ಏಳಲಿಲ್ಲ. ಹುಬ್ಬಳ್ಳಿಯಲ್ಲಿ ಡಾಕ್ಟರಾಗಿದ್ದು, ಇಲ್ಲಿಯ ಪರೀಕ್ಷೆ ಪಾಸಾಗುವ ತನಕ ಈರುಳ್ಳಿ ಆರಿಸುತ್ತಿದ್ದ ಒಬ್ಬರು, "ಇದು ಭಾಳ ಸೂಕ್ಷ್ಮ ವಿಷಯ ಐತ್ರಿ, ವಿಚಾರ ಮಾಡಿ ಹೇಳಬೇಕು" ಎಂದರು. ನಾನು ಕೂತೆ. ಅದೇ ಡಾಕ್ಟರು ಎದ್ದು, "ಮೂರು ತಲಿ ರಾಕ್ಷಸನ ಎಪಿಸೋಡು ಕಳಪೆ ಅನ್ನೋರು?" ಎಂದರು. ಕೋಣೆಗೆ ಕೋಣೆಯೇ ಕೈ ಎತ್ತಿತು. ಕೆಲವರು ಎರಡೂ ಕೈ.

ಹೆಣದ ಭಾಗ್ಯ

ಈರುಳ್ಳಿ ಸಾಗಿ ಬರುವ ನಮ್ಮ ಬೆಲ್ಟಿನ ಪಕ್ಕ ಮೈಸೂರಿನ ಆಂಟಿ ಮತ್ತು ಅವರ ಸೊಸೆ ಅಕ್ಕಪಕ್ಕ ನಿಲ್ಲುತ್ತಿದ್ದರು. ಆಂಟಿಯ ಮಗ ಇಂಜಿನಿಯರು. ಕೆಲಸ ಸಿಗದೆ, ಆಕ್ಲೆಂಡಿನ ಗುಡ್ಡದಲ್ಲಿ ಶೂಟಿಂಗ್ ನಡೆಯುತ್ತಿದ್ದ ಅದೇ ಧಾರಾವಾಹಿಯಲ್ಲಿ ಹೆಣವಾಗಿ ಮಲಗಿದ್ದ. ಸೊಸೆ ಅದೇ ಶ್ರೇಷ್ಠ ಕಂತು ಎಂದಳು.

"ಗಂಡ ಸತ್ತು ಬಿದ್ದಿದ್ದು ನಿಂಗೆ ಫಸ್ಟ್ ಕ್ಲಾಸಾ?" ಎಂದರು ಆಂಟಿ. ಆ ಕಂತು ನೋಡಿದ ಕೂಡಲೇ ಮಗನನ್ನು ಕೂರಿಸಿ ದೃಷ್ಟಿ ತೆಗೆದಿದ್ದರಂತೆ.

"ಅತ್ತೆ, ಕ್ಲೋಸಪ್ ಇತ್ತು."

ನಾನು ಮಧ್ಯೆ ಬಾಯಿ ಹಾಕಿದೆ: "ಅಲ್ಲಮ್ಮ, ಶೂಟಿಂಗಲ್ಲಿ ಬಿಡುವು ಎಷ್ಟು ಕೊಡ್ತಾರೆ?"

"ಊಟಕ್ಕೆ ಒಂದು ಗಂಟೆ. ನಡುವೆ ಎರಡು ಸಲ ಕಾಫಿ, ಬಿಸ್ಕತ್ತು" ಎಂದಳು ಸೊಸೆ.

ಕೇಳಿದಿರಾ, ಈ ದೇಶದಲ್ಲಿ ಹೆಣಕ್ಕೆ ನಮಗಿಂತ ಜಾಸ್ತಿ ಬಿಡುವು ಎಂದೆ. ಆಂಟಿ ಯೋಚಿಸಿ ಕೇಳಿದರು: "ಅಲ್ಲಿ ಹೆಂಗಸರ ಹೆಣ ತಗೋತಾರಾ?"

ಕ್ರಾಂತಿ

ಒಂದು ಬೆಳಿಗ್ಗೆ ಟೀ ಬಿಡುವಿನಲ್ಲಿ ಮ್ಯಾನೇಜರು ಒದ್ದೆ ಬಟ್ಟೆ ಹಿಡಿದು ಹಲಗೆ ಒರೆಸಲು ಬಂದ. ಇವತ್ತು ಜಗಳ ಖಂಡಿತ ಎಂದು ನಾನು ತೋಳು ಮಡಚಿದೆ. ಅವನ ಕೈ ಅರ್ಧದಲ್ಲೇ ನಿಂತಿತು.

"ಡ್ರ್ಯಾಗನ್ ಮದುವೆ ಎಪಿಸೋಡು ಕಳಪೆ ಅಂದೋರು ಯಾರು?"

ಡಾಕ್ಟರು ಎದ್ದರು. ಬಿಡುವಿನ ಮಾತೆತ್ತಿದರೆ ನೆಲ ನೋಡುತ್ತಿದ್ದ ಮನುಷ್ಯ ಈಗ ಎದೆ ಸೆಟೆಸಿ, "ನಾನು" ಎಂದರು.

ಮ್ಯಾನೇಜರು ಕುರ್ಚಿ ಎಳೆದು ಕೂತ. ಅದೇ ಇಡೀ ಧಾರಾವಾಹಿಯ ಶ್ರೇಷ್ಠ ಕಂತು ಎಂದು ಅವನ ವಾದ. ಬಿಡುವು ಮುಗಿದ ಗಂಟೆ ಹೊಡೆಯಿತು, ಯಾರೂ ಏಳಲಿಲ್ಲ. ಹೊರಗೆ ಬೆಲ್ಟು ಖಾಲಿ ಓಡುತ್ತಿತ್ತು. ಕೊನೆಗೆ ಅವನೇ ಸೋತು ಎದ್ದು, "ಹತ್ತು ನಿಮಿಷದಲ್ಲಿ ನಿಮಗೆ ಬುದ್ಧಿ ಹೇಳೋಕಾಗಲ್ಲ. ನಾಳೆಯಿಂದ ಹದಿನೈದು" ಎಂದು ಹೋದ.

ಎಲ್ಲರೂ ಚಪ್ಪಾಳೆ ತಟ್ಟಿದರು. ಆಂಟಿ ಟೀ ಲೋಟ ತೊಳೆಯುತ್ತ ನನ್ನ ಕಡೆ ಕನಿಕರದಿಂದ ನೋಡಿದರು.

"ಇಷ್ಟು ದಿನ ಹಕ್ಕು, ನ್ಯಾಯ ಅಂತ ಬಾಯಿ ಬಡ್ಕೊಂಡ್ರಿ. ಒಂದು ದಿನಾನಾದ್ರೂ ಡ್ರ್ಯಾಗನ್ ಬಗ್ಗೆ ಮಾತಾಡಿದ್ರಾ?"