ಮೂವರು ಅಧ್ಯಕ್ಷರು, ಒಬ್ಬ ಹಣಕಾಸು ಮಂತ್ರಿ

ಒಬ್ಬರಿಗೆ ಹಾಕಿದ ಹಾರ ಬಾಡುವ ಮೊದಲೇ ಇನ್ನೊಬ್ಬರಿಗೆ ಹಾರ ತರಿಸುವ ಪುರಸಭೆಯಲ್ಲಿ ನಗುವ ಪ್ರಸಂಗಗಳಿಗೆ ಬರ ಇರುವುದಿಲ್ಲ. ಎಪ್ಪತ್ತರ ದಶಕದಲ್ಲಿ ಸಿರುಗುಪ್ಪ ಸೀಮೆಯ ಅಂಥದೊಂದು ಸಣ್ಣ ಪುರಸಭೆಯಲ್ಲಿ ನಾನು ಹಣಕಾಸು ಸಮಿತಿಯ ಅಧ್ಯಕ್ಷನಾಗಿದ್ದೆ. ಜನ ಚೇಷ್ಟೆಗೆ ‘ಹಣಕಾಸು ಮಂತ್ರಿ’ ಅನ್ನುತ್ತಿದ್ದರು. ನನ್ನ ಕಾಲದಲ್ಲಿ ಪುರಸಭೆಯ ಮೂವರು ಅಧ್ಯಕ್ಷರು ಬಿದ್ದರು. ನಾನು ಬೀಳಲಿಲ್ಲ.

ಪಟ್ಟಾಭಿಷೇಕ

ನನ್ನದು ಬಟ್ಟೆ ಅಂಗಡಿ. ಸಮಿತಿಯ ಆಯ್ಕೆಯ ದಿನ ದೇಶನೂರಿನ ಬೀಗರ ಮನೆಯಲ್ಲಿ ಊಟ ಮುಗಿಸಿ ತಡವಾಗಿ ಸಭೆಗೆ ಹೋದೆ. ಒಳಗೆ ಕಾಲಿಡುತ್ತಲೇ ಕೊರಳಿಗೆ ಹಾರ ಬಿತ್ತು.

“ನಾ ಯಾವ ಗುಂಪಿನಾಗೂ ಇಲ್ಲಲ್ರಿ,” ಅಂದೆ.

“ಅದಕ್ಕ ನಿಮ್ಮನ್ನ ಮಾಡೀವಿ. ಸುಮ್ನ ಕುಂದರ್ರಿ,” ಅಂದರು ಎರಡೂ ಗುಂಪಿನವರು. ಒಬ್ಬರ ಕಡೆಯವನನ್ನು ಇನ್ನೊಬ್ಬರು ನಂಬುತ್ತಿರಲಿಲ್ಲ.

ಹಾರದ ಸಮೇತ ಮನೆಗೆ ಹೋದೆ. ಹೆಂಡತಿ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ಕೇಳಿದಳು: “ಸಂತಿಗೆ ಹೋದ್ರ ಹುಳುಕು ಬದನಿಕಾಯಿ ತರೋರ ಕೈಯಾಗ ಊರಿನ ಹಣಕಾಸು ಕೊಟ್ಟಾರ? ನನ್ನ ಒಂದ್ ಮಾತು ಕೇಳಬಾರದಿತ್ತಾ ಅವ್ರು?”

ಅಪಹರಣ

ಎರಡನೆಯ ಅಧ್ಯಕ್ಷರ ಮೇಲೆ ಅವಿಶ್ವಾಸ ಗೊತ್ತುವಳಿ ಬಂತು. ವಿರೋಧಿ ಗುಂಪಿನವರು ಮತ ಹಾಕುವ ದಿನದವರೆಗೆ ಸದಸ್ಯರನ್ನು ಬಾದನಹಟ್ಟಿಯ ತೋಟವೊಂದರಲ್ಲಿ ಬಚ್ಚಿಡತೊಡಗಿದರು. ನನ್ನನ್ನೂ ಕಾರಿಗೆ ಹತ್ತಿಸಿಕೊಂಡರು. ನಾನು ತಕರಾರು ಮಾಡಲಿಲ್ಲ.

“ಹೆಂಗೂ ದಾರಿ ದೂರ ಐತಿ, ಬಜೆಟ್ ಓದ್ತೀನಿ, ಕೇಳ್ರಿ,” ಅಂದು ಚರಂಡಿಯಿಂದ ಶುರು ಮಾಡಿದೆ. ಬೀದಿದೀಪ ಮುಗಿದು ಕಸದ ಗಾಡಿಯ ರಿಪೇರಿಗೆ ಬರುವಷ್ಟರಲ್ಲಿ ಕುರುಗೋಡು ಬಂತು. ಕಾರು ನಿಂತಿತು.

“ಯಪ್ಪಾ, ಇಳೀರಿ,” ಅಂದರು ಅವರ ನಾಯಕರು. “ವಾಪಸ್ ಹೋಗಾಕ ಇಲ್ಲೇ ಬಸ್ಸು ಸಿಗ್ತೈತಿ. ನಿಮ್ಮ ಓಟು ಬ್ಯಾಡ. ಸೋತ್ರೂ ಚಿಂತಿಲ್ಲ.”

ಕುರ್ಚಿ

ಇದು ನನ್ನ ಹೆಮ್ಮೆಯ ದಿನದ ಮಾತು. ನಮ್ಮೂರ ಕುಂಬಾರ ಓಣಿಗೆ ನಲ್ಲಿ ಇರಲಿಲ್ಲ. ಹೆಂಗಸರು ಕಾಲುವೆಯಿಂದ ನೀರು ಹೊರುತ್ತಿದ್ದರು. ಪ್ರತಿ ಬಜೆಟ್ಟಿನಲ್ಲೂ ನಾನು ಆ ಓಣಿಗೆ ಪೈಪು ಸೇರಿಸುತ್ತಿದ್ದೆ. ಒಂದು ಗುಂಪು ಒಪ್ಪಿದರೆ, ಹೆಸರು ಅವರಿಗೆ ಬಂದೀತೆಂದು ಇನ್ನೊಂದು ಗುಂಪು ತಳ್ಳಿಹಾಕುತ್ತಿತ್ತು.

ಮೂರನೆಯ ಅಧ್ಯಕ್ಷರು ಬಿದ್ದ ದಿನ ಮುಂದಿನವರು ಯಾರೆಂದು ತೀರ್ಮಾನವಾಗಲಿಲ್ಲ. ಎರಡೂ ಗುಂಪಿನವರು ಅಧ್ಯಕ್ಷರ ಕುರ್ಚಿಗೇ ಕೈ ಹಾಕಿ, ಅತ್ತ ಅವರು ಇತ್ತ ಇವರು ಜಗ್ಗಾಡತೊಡಗಿದರು. ಕುರ್ಚಿ ಸಿಗದವರು ತಮ್ಮವರ ಸೊಂಟ ಹಿಡಿದು ಜಗ್ಗಿದರು. ನೀರು ಕೇಳಲು ಬಂದಿದ್ದ ಓಣಿಯ ಹೆಂಗಸರು ಖಾಲಿ ಕೊಡ ಹಿಡಿದು ಬಾಗಿಲಲ್ಲಿ ನೋಡುತ್ತಿದ್ದರು.

ನಾನು ಮುಖ್ಯಾಧಿಕಾರಿಯನ್ನು ಮೆಲ್ಲಗೆ ಕೇಳಿದೆ: “ಅಧ್ಯಕ್ಷರು ಇಲ್ದಾಗ ಸಭಾ ಯಾರು ನಡಸಬೇಕ್ರಿ?”

“ಉಪಾಧ್ಯಕ್ಷರೂ ಕುರ್ಚಿ ಜಗ್ಗುತ್ತಿದ್ದಾರೆ. ನೀವೇ ನಡೆಸಬಹುದು,” ಅಂದರು.

ಎದ್ದು ನಿಂತು ಗಟ್ಟಿಯಾಗಿ ಓದಿದೆ: “ಕುಂಬಾರ ಓಣಿಗೆ ನೀರಿನ ಪೈಪು. ವಿರೋಧ ಇದ್ದೋರು ಕೈ ಎತ್ರಿ.”

ಯಾರೂ ಎತ್ತಲಿಲ್ಲ. ಎತ್ತಬೇಕಾದರೆ ಕುರ್ಚಿ ಬಿಡಬೇಕಿತ್ತು.

“ಸರ್ವಾನುಮತದಿಂದ ಪಾಸಾತು,” ಅಂದೆ.

ಹೆಂಗಸರು ಕೊಡ ಬಡಿದು ಕೇಕೆ ಹಾಕಿದರು. ಆ ಸದ್ದಿಗೆ ಒಬ್ಬ ನಾಯಕರು ಕುರ್ಚಿ ಹಿಡಿದುಕೊಂಡೇ ನನ್ನತ್ತ ತಿರುಗಿದರು. “ಯಾರು ಗೆದ್ರು?”

“ಕುಂಬಾರ ಓಣಿಯೋರು,” ಅಂದೆ. “ನೀವು ಜಗ್ರಿ.”