ಬೋರ್ಡೋದಲ್ಲಿ ಸಾರಥಿ ಬಾಯಿಬಿಟ್ಟಿದ್ದು

ನಾನು ಕುಡಿಯುವುದಿಲ್ಲ ಎಂದು ಗೊತ್ತಾದ ಕೂಡಲೇ ಜನ ನನ್ನನ್ನು ಸಜ್ಜನನೆಂದು ತಿಳಿದುಬಿಡುತ್ತಾರೆ. ಹೊಸದಾಗಿ ಪರಿಚಯವಾದ ಆಂಟಿಯರು ತಮ್ಮ ಗಂಡಂದಿರ ಕಡೆಗೊಮ್ಮೆ, ನನ್ನ ಕಡೆಗೊಮ್ಮೆ ನೋಡಿ ನಿಟ್ಟುಸಿರು ಬಿಡುತ್ತಾರೆ. ಈ ತಪ್ಪು ತಿಳಿವಳಿಕೆಯನ್ನು ನಾನು ಎಂದೂ ತಿದ್ದಲು ಹೋದವನಲ್ಲ. ತಾನಾಗಿ ಮನೆಗೆ ಬಂದ ಒಳ್ಳೆಯ ಹೆಸರನ್ನು ಬಾಗಿಲಲ್ಲೇ ನಿಲ್ಲಿಸಿ ವಾಪಸು ಕಳಿಸುವಷ್ಟು ಪ್ರಾಮಾಣಿಕತೆ ನನ್ನಲ್ಲಿಲ್ಲ. ಆದರೆ ಇವತ್ತು ನಿಮ್ಮೆದುರು ಒಪ್ಪಿಕೊಂಡುಬಿಡುತ್ತೇನೆ. ನಾನು ಇಷ್ಟು ವರ್ಷ ಕುಡಿಯದೆ ಇದ್ದದ್ದಕ್ಕೆ ಕಾರಣ ಸಂಸ್ಕಾರವಲ್ಲ, ಅಮ್ಮನಿಗೆ ಕೊಟ್ಟ ಮಾತಲ್ಲ, ಯಾವ ಸ್ವಾಮಿಗಳ ಉಪದೇಶವೂ ಅಲ್ಲ. ಕಾರಣ ಆಲೂಗಡ್ಡೆ.

ಬಿಡಿಸಿ ಹೇಳುತ್ತೇನೆ. ನಾನಿರುವುದು ಆಸ್ಟಿನ್ ಪಕ್ಕದ ಜಾರ್ಜ್‌ಟೌನಿನಲ್ಲಿ. ನನಗೆ ಇಬ್ಬರು ಪ್ರಾಣಸ್ನೇಹಿತರು. ಮೈಸೂರಿನ ಮುರಳಿ ಈಗ ಹ್ಯೂಸ್ಟನ್ನಿನಲ್ಲಿದ್ದಾನೆ. ಅಲ್ಲಿನ ಎನರ್ಜಿ ಕಾರಿಡಾರ್ ಎಂಬ ಬಡಾವಣೆಯ ತೈಲ ಕಂಪನಿಯೊಂದರಲ್ಲಿ ಕೆಲಸ. ಧಾರವಾಡದ ಬಸವರಾಜ ಡಲ್ಲಾಸ್ ಕಡೆಯ ಲಿಟಲ್ ಎಲ್ಮ್‌ನಲ್ಲಿ ಮನೆ ಮಾಡಿದ್ದಾನೆ. ಹದಿನಾಲ್ಕು ವರ್ಷದ ಹಿಂದೆ ಮೂವರೂ ಆಸ್ಟಿನ್ನಿನ ಒಂದೇ ಅಪಾರ್ಟ್‌ಮೆಂಟಿನಲ್ಲಿ ಒಂದೇ ಕುಕ್ಕರ್ ಇಟ್ಟುಕೊಂಡು ಬದುಕಿದವರು. ಈಗಲೂ ಎರಡು ತಿಂಗಳಿಗೊಮ್ಮೆ, ಸರದಿ ಪ್ರಕಾರ ಒಬ್ಬೊಬ್ಬರ ಊರಿನಲ್ಲಿ, ಸಂಸಾರ ಸಮೇತ ಸೇರುತ್ತೇವೆ. ಎಲ್ಲರೂ ನನ್ನ ಏಳು ಸೀಟಿನ ಗಾಡಿ ಹತ್ತಿ ಮಧ್ಯಾಹ್ನದ ಊಟಕ್ಕೆ ಹೊರಗೆ ಹೋಗುತ್ತೇವೆ. ಅವರು ಕುಡಿಯುತ್ತಾರೆ. ಟೆಕ್ಸಸ್‌ನಲ್ಲಿ ಹಾಲು ತರುವುದಕ್ಕೂ ಕಾರೇ ಗತಿ, ಕುಡಿದವನು ಸ್ಟಿಯರಿಂಗ್ ಮುಟ್ಟುವಂತಿಲ್ಲ. ಹೀಗಾಗಿ ಕುಡಿಯದೆ ಇರುವವನಿಗೆ ಇಲ್ಲಿ ದೇವರ ನಂತರದ ಸ್ಥಾನ. ಯಾರಾದರೂ ಗ್ಲಾಸು ಮುಂದೆ ಮಾಡಿದರೆ "ನಾನು ಡ್ರೈವ್ ಮಾಡಬೇಕಲ್ಲಪ್ಪ" ಎನ್ನುತ್ತೇನೆ, ಅಲ್ಲಿಗೆ ಮಾತು ಮುಗಿಯಿತು. ಊಟ ಮುಗಿದ ಮೇಲೆ ಎಲ್ಲರನ್ನೂ ಮನೆಯ ಮುಂದೆ ಇಳಿಸಿ, "ಗ್ಯಾಸ್ ಹಾಕಿಸ್ಕೊಂಡು ಬಂದ್ಬಿಡ್ತೀನಿ" ಎಂದು ಗಾಡಿ ತಿರುಗಿಸುತ್ತೇನೆ.

ಪೆಟ್ರೋಲಿಗೆ ಇಲ್ಲಿ ಗ್ಯಾಸ್ ಎನ್ನುತ್ತಾರೆ, ಅದನ್ನು ಹಾಕಿಸುವುದಕ್ಕೆ ಐದು ನಿಮಿಷ ಸಾಕು. ಉಳಿದ ಇಪ್ಪತ್ತು ನಿಮಿಷ ನನ್ನದು. ಕಾರಿನಲ್ಲಿ ಕೂತೇ ಕಿಟಕಿಯಿಂದ ಪೊಟ್ಟಣ ಇಸಿದುಕೊಳ್ಳುವ ಅಂಗಡಿ ಈ ರಾಜ್ಯದಲ್ಲಿ ಎಲ್ಲಿ ನಿಂತರೂ ಕಣ್ಣಿಗೆ ಬೀಳುತ್ತದೆ. ಒಂದು ಲಾರ್ಜ್ ಫ್ರೆಂಚ್ ಫ್ರೈಸ್, ಅಂದರೆ ಎಣ್ಣೆಯಲ್ಲಿ ಕರಿದ ಆಲೂಗಡ್ಡೆಯ ಕಡ್ಡಿ, ಮೇಲೊಂದಿಷ್ಟು ಉಪ್ಪು. ಪಾರ್ಕಿಂಗಿನ ಮೂಲೆಯಲ್ಲಿ ಗಾಡಿ ನಿಲ್ಲಿಸಿ, ಎಸಿ ಹಾಕಿ, ಹಳೆಯ ಹಾಡು ಹಚ್ಚಿ, ಒಂದೊಂದಾಗಿ ತಿನ್ನುತ್ತೇನೆ. ಆ ಇಪ್ಪತ್ತು ನಿಮಿಷ ಯಾರೂ ನನ್ನನ್ನು ಏನೂ ಕೇಳುವುದಿಲ್ಲ. ಇದಕ್ಕಿಂತ ದೊಡ್ಡ ಸುಖವನ್ನು ನಾನು ಈ ದೇಶದಲ್ಲಿ ಕಂಡಿಲ್ಲ.

ಇದರಲ್ಲಿ ಗುಟ್ಟೇನು ಬಂತು ಎನ್ನುತ್ತೀರಿ. ಎರಡು ವರ್ಷದ ಹಿಂದೆ ನನ್ನ ರಕ್ತಪರೀಕ್ಷೆಯಲ್ಲಿ ಕೊಲೆಸ್ಟರಾಲ್ ಹೆಚ್ಚು ಬಂತು. ಅಂದಿನಿಂದ ನನ್ನ ಹೆಂಡತಿ ವೀಣಾ ಅಡುಗೆಮನೆಯಲ್ಲಿ ಬಾಣಲೆಯನ್ನು ಮೇಲಿನ ಶೆಲ್ಫಿಗೆ ಹತ್ತಿಸಿಬಿಟ್ಟಳು. ಬೋಂಡ ಹೋಯಿತು, ಪೂರಿ ಹೋಯಿತು, ಹಪ್ಪಳ ಮೈಕ್ರೋವೇವಿನಲ್ಲಿ ತಿರುಗತೊಡಗಿತು. ಆದರೂ ಆರು ತಿಂಗಳಿಗೊಮ್ಮೆ ಬರುವ ರಿಪೋರ್ಟು ಒಂಚೂರೂ ಇಳಿಯದು. ಪಾಪ, ಅವಳು ಮೂರು ಬಗೆಯ ಎಣ್ಣೆ ಬದಲಾಯಿಸಿದಳು, ತಾನೂ ನನ್ನ ಜೊತೆ ಸಪ್ಪೆ ತಿಂದಳು, ಕೊನೆಗೆ ಡಾಕ್ಟರ ಮಾತು ಕೇಳಿ ಎಲ್ಲ ತಪ್ಪನ್ನೂ ನಮ್ಮ ವಂಶದ ಮೇಲೆ ಹೊರಿಸಿದಳು. ನಾನೂ ಬೇಸರದ ಮುಖ ಮಾಡಿಕೊಂಡು, ನಮ್ಮ ತಾತ ಬಹಳ ತುಪ್ಪ ತಿನ್ನುತ್ತಿದ್ದರು ಎಂದೆ. ತಾತ ಸತ್ತು ಮೂವತ್ತು ವರ್ಷವಾಗಿತ್ತು, ಎದುರು ಮಾತಾಡುವ ಸ್ಥಿತಿಯಲ್ಲಿರಲಿಲ್ಲ.

ವೀಣಾಳೂ ಕುಡಿಯುವವಳಲ್ಲ. ಹಾಗಿದ್ದರೆ ಅವಳೇಕೆ ಗಾಡಿ ಓಡಿಸಬಾರದು ಎಂದು ಚುರುಕಾದ ಓದುಗರು ಕೇಳಬಹುದು. ಆಕೆ ದಿನಾ ಬೆಳಿಗ್ಗೆ ಲಾರಿಗಳ ನಡುವೆ ನುಸುಳಿಕೊಂಡು ಆಸ್ಟಿನ್ನಿನ ಆಫೀಸಿಗೆ ಹೋಗಿ ಬರುವವಳು. ಆದರೆ "ನಮ್ಮ ವೀಣಾಗೆ ದೊಡ್ಡ ಗಾಡಿ ಅಂದ್ರೆ ಭಯ" ಎಂದು ಮೂರು ಊರಿನಲ್ಲೂ ನಾನೇ ಸಾರಿಬಿಟ್ಟಿದ್ದೆ. ಹಿಂದೆ ಕೂತು ಹರಟುವುದು ಅವಳಿಗೂ ಹಿತವಾಗಿತ್ತೋ ಏನೋ, ಅಲ್ಲಗಳೆಯಲಿಲ್ಲ.

ಸಾರಥಿಯ ಕೆಲಸದಲ್ಲಿ ಇನ್ನೊಂದು ಗಳಿಕೆಯೂ ಉಂಟು. ಕ್ರಿಕೆಟ್ ನೋಡಲು ಗಂಡಸರಷ್ಟೇ ಹೋದ ದಿನ, ಎರಡು ಗ್ಲಾಸು ಒಳಗಿಳಿದವನು ನನ್ನ ಪಕ್ಕದ ಸೀಟಿನಲ್ಲಿ ಕೂತರೆ ಮನಸ್ಸು ಬಿಚ್ಚುತ್ತಾನೆ. ಹ್ಯೂಸ್ಟನ್ ಕನ್ನಡಿಗರೆಲ್ಲ ಬಾಯಿ ಚಪ್ಪರಿಸುವ ಮುರಳಿಯ ಬಿಸಿಬೇಳೆಭಾತ್ ಅವನು ಮಾಡಿದ್ದಲ್ಲವೆಂದೂ, ಹೋಟೆಲಿನಿಂದ ತಂದು ತಮ್ಮ ಮನೆಯ ಸ್ಟೀಲ್ ಪಾತ್ರೆಗೆ ಸುರಿದು ಮೇಲೆ ಗೋಡಂಬಿ ಹುರಿದು ಹಾಕಿದ್ದೆಂದೂ ನನಗೆ ಗೊತ್ತು. ಇದು ಅವನ ಹೆಂಡತಿಗೂ ಗೊತ್ತಿಲ್ಲ. ಬಸವರಾಜನ ಆಫೀಸಿನಲ್ಲಿ ಮನೆಯಿಂದಲೇ ಕೆಲಸ ಮಾಡಲು ಒಪ್ಪಿಗೆಯಿದೆ. ದಿನಾ ಬರಲೇಬೇಕೆಂಬ ಆರ್ಡರ್ ಆಗಿದೆ ಎಂದು ಹೆಂಡತಿಗೆ ಹೇಳಿ ಹೋಗುತ್ತಿರುವವನು ಅವನೇ. ಅದೂ ನನಗೆ ಗೊತ್ತು. ಗೊತ್ತಿದ್ದೂ ಹೊಟ್ಟೆಯಲ್ಲೇ ಇಟ್ಟುಕೊಂಡಿದ್ದೆ.

ಹೀಗೆ ನಡೆಯುತ್ತಿದ್ದ ಸಂಸಾರಕ್ಕೆ ಫ್ರಾನ್ಸ್ ಅಡ್ಡ ಬಂತು. ಮೂವರೂ ಒಂದೇ ವರ್ಷ ಐವತ್ತು ಮುಟ್ಟುತ್ತೇವೆ, ಏನಾದರೂ ಮಾಡಬೇಕು ಎಂದು ಮುರಳಿ ಹಟ ಹಿಡಿದು ಎಲ್ಲವನ್ನೂ ಬುಕ್ ಮಾಡಿದ. ಪ್ಯಾರಿಸ್ ಮುಗಿಸಿ, ವೈನಿಗೆ ಹೆಸರಾದ ಬೋರ್ಡೋಗೆ ಬಂದೆವು. ಅಲ್ಲಿಂದ ಒಂದು ದಿನದ ಪ್ರವಾಸ: ಮೂರು ದ್ರಾಕ್ಷಿ ತೋಟ, ಕೊನೆಗೆ ಸೇಂಟ್ ಎಮಿಲಿಯಾನ್ ಎಂಬ ನೂರಾರು ವರ್ಷ ಹಳೆಯ ಊರು. ಬೆಳಿಗ್ಗೆ ಹೋಟೆಲಿನ ಮುಂದೆ ವ್ಯಾನ್ ಬಂತು. ಗೈಡು ಕ್ಲೇರ್ ಎಂಬ ಎತ್ತರದ ಹೆಂಗಸು, ಗಾಡಿ ಓಡಿಸುವವಳೂ ಅವಳೇ. ಕೀಲಿಕೈ ಅವಳ ಬೆರಳಲ್ಲಿ ಆಡುತ್ತಿದ್ದುದನ್ನು ನಾನು ಹಸಿದವನಂತೆ ನೋಡಿದೆ. ಬಾಗಿಲು ಮುಚ್ಚಿತೋ ಇಲ್ಲವೋ, ಮುರಳಿ ಹಿಂದಕ್ಕೆ ತಿರುಗಿ ಹದಿನಾಲ್ಕು ವರ್ಷದಿಂದ ಕಾದಿಟ್ಟಿದ್ದ ಮಾತು ಹೇಳಿದ.

"ಇವತ್ತು ಡ್ರೈವ್ ಮಾಡ್ತಿಲ್ವಲ್ಲ, ಕುಡಿ."

"ಹೌದಲ್ಲ," ಎಂದ ಬಸವರಾಜ. "ಇವತ್ತರೆ ಏನ್ ನೆಪ ಹೇಳ್ತಿ ನೋಡೂಣು."

ನನ್ನಲ್ಲಿ ಬೇರೆ ನೆಪವಿರಲಿಲ್ಲ. ಒಂದೇ ನೆಪವನ್ನು ನಂಬಿಕೊಂಡು ಬದುಕಿದವನ ಪಾಡು ಇಷ್ಟೆ. ಧರ್ಮದ ಮಾತೆತ್ತಿದರೆ ನಗುತ್ತಾರೆ, ಆರೋಗ್ಯದ ಮಾತೆತ್ತಿದರೆ ವೀಣಾ ಕೊಲೆಸ್ಟರಾಲ್ ಮಾತೆತ್ತುತ್ತಾಳೆ, ಅದು ಎಲ್ಲಿಗೆ ಹೋಗಿ ಮುಟ್ಟುತ್ತದೋ. ಇವತ್ತೊಂದು ದಿನ ಕುಡಿದರೆ ನಾಳೆಯಿಂದ ನಾನೂ ಕುಡಿಯುವವರ ಪಟ್ಟಿಗೆ ಸೇರುತ್ತೇನೆ, ಕೀಲಿಕೈ ಸರದಿಯ ಮೇಲೆ ಕೈ ಬದಲಾಗುತ್ತದೆ, ನನ್ನ ಇಪ್ಪತ್ತು ನಿಮಿಷ ಮಣ್ಣುಪಾಲಾಗುತ್ತದೆ. ದಾರಿಯುದ್ದಕ್ಕೂ ಇದೇ ಚಿಂತೆ. ಕಿಟಕಿಯಾಚೆ ದ್ರಾಕ್ಷಿಯ ಸಾಲುಗಳು ಗೆರೆ ಹೊಡೆದಂತೆ ನಿಂತಿದ್ದವು, ಸಾಲಿನ ತುದಿಗೊಂದು ಗುಲಾಬಿ ಗಿಡ. ಎಲ್ಲರೂ ಅಬ್ಬಾ ಎನ್ನುತ್ತಿದ್ದಾಗ ಬಸವರಾಜನೊಬ್ಬ ಒಪ್ಪಲಿಲ್ಲ. ವಿಜಾಪುರದ ಕಡೆ ಇದಕ್ಕಿಂತ ದಪ್ಪ ದ್ರಾಕ್ಷಿ ಬೆಳೆಯುತ್ತೇವೆ, ನಾವು ಒಣಗಿಸುತ್ತೇವೆ, ಇವರು ಕೊಳೆಸುತ್ತಾರೆ, ವ್ಯತ್ಯಾಸ ಅಷ್ಟೇ ಎಂದು ಅವನ ವಾದ.

ಮೊದಲ ತೋಟದ ನೆಲಮಾಳಿಗೆಯಲ್ಲಿ ಪೀಪಾಯಿಗಳ ನಡುವೆ ನಮ್ಮನ್ನು ನಿಲ್ಲಿಸಿ ಮೂರು ಮೂರು ಗ್ಲಾಸು ವೈನ್ ಕೊಟ್ಟರು. ವೀಣಾಳಿಗೆ ವಾಸನೆಗೇ ತಲೆನೋವು, ಅವಳು ದ್ರಾಕ್ಷಿ ರಸ ಹಿಡಿದು ನಿಂತಳು. ಗ್ಲಾಸು ತಿರುಗಿಸಿ ಮೂಸಿ ನೋಡಿ, ಚರ್ಮ, ಪೆನ್ಸಿಲ್, ಒದ್ದೆ ಕಲ್ಲು, ತಂಬಾಕು ಎಲ್ಲ ಸಿಗುತ್ತದೆ ಎಂದಳು ಕ್ಲೇರ್. ಇದರಲ್ಲಿ ಒಂದನ್ನಾದರೂ ಬಾಯಿಗೆ ಹಾಕಿಕೊಳ್ಳಬೇಕೆಂದು ನನಗೆ ಎಂದೂ ಅನ್ನಿಸಿರಲಿಲ್ಲ. ನಾನು ಮೂಸಿದಾಗ ಮಳೆಗಾಲದಲ್ಲಿ ಒಣಗದೆ ಉಳಿದ ಸ್ಕೂಲ್ ಬ್ಯಾಗಿನ ವಾಸನೆ ಬಂತು. ಮುರಳಿ ಮಾತ್ರ ಕಣ್ಣು ಮುಚ್ಚಿ, ಪೆನ್ಸಿಲ್ ಸಿಕ್ಕಿತು ಎಂದ.

ಆಮೇಲೆ ಕ್ಲೇರ್ ಒಂದು ಪಾತ್ರೆ ತೋರಿಸಿ, ರುಚಿ ನೋಡಿ ಇದರಲ್ಲಿ ಉಗುಳಬಹುದು, ಬಲ್ಲವರೆಲ್ಲ ಹಾಗೇ ಮಾಡುವುದು ಎಂದಳು. ವಿಡಿಯೋ ನೋಡಿ ಅಭ್ಯಾಸ ಮಾಡಿಕೊಂಡು ಬಂದಿದ್ದ ಮುರಳಿ ಮತ್ತು ಬಸವರಾಜ ಬಾಯಲ್ಲಿ ಗಳಗಳ ಅನ್ನಿಸಿ, ಒಂದೇ ಧಾರೆಯಲ್ಲಿ, ಗುರಿ ತಪ್ಪದೆ ಉಗುಳಿದರು. ಹದಿನಾಲ್ಕು ವರ್ಷ ಕುಡಿದವರು ಉಗುಳಿದರು. ನನ್ನಿಂದ ಆಗಲಿಲ್ಲ. ನಮ್ಮ ಮನೆಯಲ್ಲಿ ಎಲೆಗೆ ಬಡಿಸಿದ್ದನ್ನು ಬಿಡುವಂತಿರಲಿಲ್ಲ, ಬಾಯಿಗಿಟ್ಟದ್ದನ್ನು ಉಗುಳಿದರೆ ಅಮ್ಮ ಬೆನ್ನಿಗೆ ಬಾರಿಸುತ್ತಿದ್ದಳು. ಅಂಥದ್ದರಲ್ಲಿ ನೆಲಮಾಳಿಗೆಯೊಳಗೆ ನಿಂತು, ಹತ್ತು ಜನರ ಎಂಜಲು ತುಂಬಿದ ಪಾತ್ರೆಯ ಮೇಲೆ ಮುಖ ಬಗ್ಗಿಸುವುದೇ? ನಾನು ತೀರ್ಥ ತೆಗೆದುಕೊಂಡವನಂತೆ ಗುಟುಕ್ಕನೆ ನುಂಗಿದೆ. ಗ್ಲಾಸಿನಲ್ಲಿ ಉಳಿಸುವುದು ಸರಿಯಲ್ಲವೆಂದು ಉಳಿದದ್ದನ್ನೂ ನುಂಗಿದೆ. ಎರಡನೆಯ ತೋಟದಲ್ಲೂ ಹಾಗೇ, ಮೂರನೆಯದರಲ್ಲೂ ಹಾಗೇ. ಮೂರು ಮೂರಲೆ ಒಂಬತ್ತು.

ಸೇಂಟ್ ಎಮಿಲಿಯಾನ್ ತಲುಪುವ ಹೊತ್ತಿಗೆ ನಾನು ತುಂಬಾ ಒಳ್ಳೆಯವನಾಗಿದ್ದೆ. ಎಲ್ಲರ ಮೇಲೂ ಪ್ರೀತಿ ಉಕ್ಕುತ್ತಿತ್ತು. ಊರೆಲ್ಲ ಇಳಿಜಾರು, ಕಾಲಿಗೆ ಸಿಗುವುದೆಲ್ಲ ಉರುಟು ಕಲ್ಲು. ಬಂಡೆ ಕೊರೆದು ನೆಲದೊಳಗೇ ಮಾಡಿದ ಚರ್ಚನ್ನು ತೋರಿಸಿ ಕ್ಲೇರ್ ಮೆಲುದನಿಯಲ್ಲಿ ವಿವರಿಸುತ್ತಿದ್ದಾಗ ಬಸವರಾಜ, "ಬಾದಾಮಿ ಗುಹಾ ಇದ್ಧಂಗ ಐತಲ್ಲ, ಮಂಗ್ಯಾ ಅಷ್ಟ ಇಲ್ಲ" ಎಂದ. ನಾನು ಅವನನ್ನು ತಬ್ಬಿಕೊಂಡೆ. ಹೊರಗೆ ಬಂದು ಊಟಕ್ಕೆ ಕೂತೆವು. ಮೇಕೆ ಹಾಲಿನ ಚೀಸು ಹಾಕಿದ ಸೊಪ್ಪು ಬಂತು. ಅದನ್ನು ನೋಡಿ ನನಗೆ ಮುರಳಿಯ ಮೇಲೆ ಅಭಿಮಾನ ಉಕ್ಕಿತು.

"ಏನೇ ಹೇಳಿ, ನಮ್ಮ ಮುರಳಿ ಬಿಸಿಬೇಳೆಭಾತ್ ಮುಂದೆ ಇದೆಲ್ಲ ಏನೂ ಅಲ್ಲ," ಎಂದು ಅವನ ಹೆಂಡತಿಯ ಕಡೆ ತಿರುಗಿದೆ. "ಅದನ್ನ ಅವನು ಎಲ್ಲಿಂದ..."

ಅಷ್ಟರಲ್ಲಿ ನನ್ನ ಬಾಯಿಗೆ ಗಟ್ಟಿ ಬ್ರೆಡ್ಡಿನ ತುಂಡೊಂದು ಬಂದು ಕೂತಿತು. ತುರುಕಿದವನು ಮುರಳಿ. ಅವನ ಮುಖ ಬಿಳಚಿಕೊಂಡಿತ್ತು. ಹದಿನಾಲ್ಕು ವರ್ಷ ತಾವು ಎಂಥ ಮನುಷ್ಯನ ಎದುರು ಮನಸ್ಸು ಬಿಚ್ಚಿದ್ದೇವೆ, ಈಗ ಅವನ ಬಾಯಿಗೆ ಏನು ಸುರಿದಿದ್ದೇವೆ ಎನ್ನುವುದು ಅವನಿಗೆ ಆಗ ಹೊಳೆದಿರಬೇಕು. ಬ್ರೆಡ್ಡು ನುಂಗಿ ಬಸವರಾಜನ ಕಡೆ ತಿರುಗಿ, "ನಿಮ್ಮ ಆಫೀಸು ಎಷ್ಟು ಒಳ್ಳೇದಪ್ಪ" ಎನ್ನುವಷ್ಟರಲ್ಲಿ ಅವನೂ ಎದ್ದು ನಿಂತ. ಇವನಿಗೆ ಗಾಳಿ ಬೇಕಾಗಿದೆ ಎನ್ನುತ್ತಾ ಇಬ್ಬರೂ ರಟ್ಟೆ ಹಿಡಿದು ನನ್ನನ್ನು ಗಂಟೆಗೋಪುರದ ಬುಡಕ್ಕೆ ಎಳೆದೊಯ್ದು ಕಲ್ಲಿನ ಮೇಲೆ ಕೂರಿಸಿದರು. ಕಾವಲಿಗೆ ವೀಣಾಳನ್ನು ಬಿಟ್ಟು, ತಮ್ಮ ತಮ್ಮ ಹೆಂಡತಿಯರನ್ನು ಊರಿನ ಇನ್ನೊಂದು ಕೊನೆಗೆ ಕರೆದುಕೊಂಡು ಹೋದರು. ಅಷ್ಟು ದೂರ ಹೋಗಿ ಕಂಡ ಆ ಪುರಾತನ ಊರಿನಲ್ಲಿ ನನಗೆ ನೆನಪಿರುವುದು ಇಷ್ಟೇ.

ಎಚ್ಚರವಾದಾಗ ವ್ಯಾನಿನಲ್ಲಿದ್ದೆ. ತಲೆ ವೀಣಾಳ ಭುಜದ ಮೇಲಿತ್ತು. ಆಕೆ ಕಿಟಕಿಯಾಚೆಯ ದ್ರಾಕ್ಷಿ ಸಾಲು ನೋಡುತ್ತಾ ಸಣ್ಣಗೆ ನಗುತ್ತಿದ್ದಳು. ಹೋಟೆಲಿನಲ್ಲಿ ಮೊದಲು ಮುರಳಿ, ಆಮೇಲೆ ಬಸವರಾಜ, ಒಬ್ಬರಿಗೊಬ್ಬರು ಗೊತ್ತಾಗದಂತೆ ಬಂದು, ತನ್ನ ವಿಷಯ ಏನಾದರೂ ಬಾಯಿಬಿಟ್ಟೆನೇ ಎಂದು ವಿಚಾರಿಸಿದರು. ಅವರವರ ಹೆಂಡತಿಯರು ಎಂದಿನಂತೆ ನಗುನಗುತ್ತಾ ಇದ್ದುದನ್ನು ನೋಡಿ, ಇಲ್ಲ ಎಂದು ಧೈರ್ಯ ಹೇಳಿದೆ. ಹೊರಡುವ ಮುನ್ನ ಮುರಳಿ ಸುಮ್ಮನಿರಲಾರದೆ ಒಂದು ಮಾತು ಹೇಳಿದ.

"ಒಂದು ಗಂಟೆ ವೀಣಾ ಹತ್ರ ಏನೋ ಹೇಳ್ತಾನೇ ಇದ್ದೆ ಕಣೋ. ಆಗಾಗ ಬಂದು ದೂರದಿಂದ ನೋಡ್ದೆ. ಮಧ್ಯ ಒಂದ್ಸಲ ನೀನು ಅತ್ತೂಬಿಟ್ಟೆ."

ಇಷ್ಟು ವರ್ಷ ಕುಡಿದವರ ಮಾತನ್ನು ಕುಡಿಯದೆ ಕೇಳಿಸಿಕೊಂಡವನು ನಾನು. ಅದರಿಂದ ಕೇಳಿದವನಿಗೆ ಎಷ್ಟು ಬಲ ಬರುತ್ತದೆ ಎಂದು ನನಗಿಂತ ಚೆನ್ನಾಗಿ ಬಲ್ಲವರಿಲ್ಲ. ಏನು ಹೇಳಿದೆನೆಂದು ವೀಣಾಳನ್ನು ಸುತ್ತಿ ಬಳಸಿ ಕೇಳಿದೆ. "ಏನಿಲ್ಲ, ಚೆನ್ನಾಗಿ ಮಾತಾಡಿದ್ರಿ," ಎಂದಳು. ಜಾರ್ಜ್‌ಟೌನಿಗೆ ಬಂದ ಮೇಲೂ ಅಷ್ಟೇ. ರಾಗಿಮುದ್ದೆ ಬಡಿಸುವಾಗ ಮುಖ ನೋಡಿದೆ, ಹೊಸ ರಿಪೋರ್ಟು ಓದುವಾಗ ಮುಖ ನೋಡಿದೆ. ಈ ಸಲ ಅವಳು ತಾತನ ಹೆಸರು ಎತ್ತಲಿಲ್ಲ. ನನ್ನ ಹೆದರಿಕೆ ಹೆಚ್ಚಿದ್ದು ಅದರಿಂದಲೇ.

ಎರಡು ತಿಂಗಳ ಮೇಲೆ ಲಿಟಲ್ ಎಲ್ಮ್‌ನಲ್ಲಿ ಸೇರಿದೆವು. ಮಧ್ಯಾಹ್ನ ಊಟಕ್ಕೆ ಹೊರಡುವಾಗ ವೀಣಾ ನನ್ನ ಕೈಯಿಂದ ಕೀಲಿಕೈ ಇಸಿದುಕೊಂಡು, ಇನ್ನು ಮೇಲೆ ತಾನೇ ಓಡಿಸುತ್ತೇನೆ ಎಂದಳು. ಭಯ ಹೋಯಿತೇ ಎಂದು ಕೇಳಿದವರಿಗೆ, ಫ್ರಾನ್ಸಿನಲ್ಲಿ ಹೋಯಿತು ಎಂದಳು. ಮುರಳಿ, ಬಸವರಾಜರು ಆ ದಿನ ನನ್ನ ಮುಂದೆ ತಾವಾಗಿಯೇ ನೀರಿನ ಲೋಟ ಸರಿಸಿದರು. ನನ್ನ ಆರೋಗ್ಯದ ಮೇಲೆ ಅವರಿಗೆ ಅಷ್ಟೊಂದು ಕಾಳಜಿ ಯಾವತ್ತೂ ಇರಲಿಲ್ಲ. ಊಟ ಮುಗಿದು ಎಲ್ಲರನ್ನೂ ಬಸವರಾಜನ ಮನೆ ಮುಂದೆ ಇಳಿಸಿದಳು. ನಾನೂ ಇಳಿಯಹೋದೆ.

"ನೀವು ಕೂತ್ಕೊಳ್ಳಿ," ಎಂದಳು. "ಗ್ಯಾಸ್ ಹಾಕಿಸ್ಕೊಂಡು ಬರೋಣ."

ಟ್ಯಾಂಕು ಮುಕ್ಕಾಲು ತುಂಬಿತ್ತು. ಗಾಡಿ ನೇರವಾಗಿ ಹೋಗಿ ಕಿಟಕಿಯಿರುವ ಅಂಗಡಿಯ ಸಾಲಿನಲ್ಲಿ ನಿಂತಿತು. ಒಂದು ಲಾರ್ಜ್ ಹೇಳಿ, ಉಪ್ಪು ಜಾಸ್ತಿ ಎಂದಳು. ಪಾರ್ಕಿಂಗಿನ ಮೂಲೆಗೆ ಹೋಗಿ, ಎಸಿ ಹಾಕಿ, ನನ್ನದೇ ಹಾಡಿನ ಪಟ್ಟಿ ಹಚ್ಚಿದಳು. ಆಮೇಲೆ ಪೊಟ್ಟಣ ತೊಡೆಯ ಮೇಲಿಟ್ಟುಕೊಂಡು ಒಂದೊಂದಾಗಿ, ಆತುರವಿಲ್ಲದೆ, ತಿನ್ನತೊಡಗಿದಳು. ಎರಡು ವರ್ಷ ನನ್ನ ಜೊತೆ ಸಪ್ಪೆ ತಿಂದ ಬಾಯಿ ಅದು. ನನಗೆ ನಾಚಿಕೆಯಾಯಿತು, ಅದಕ್ಕಿಂತ ಹೆಚ್ಚಾಗಿ ಬಾಯಲ್ಲಿ ನೀರೂರಿತು.

"ನೀವು ಹೇಳಿದ್ದು ನಿಜ ಕಣ್ರೀ," ಎಂದಳು. "ಇಪ್ಪತ್ತು ನಿಮಿಷ ಯಾರೂ ಏನೂ ಕೇಳಲ್ಲ."

ಕೈ ಚಾಚಿದೆ. ಪೊಟ್ಟಣ ಆಚೆಗೆ ಸರಿಯಿತು. ಅವಳು ತನ್ನ ಬ್ಯಾಗಿನಿಂದ ಫ್ಲಾಸ್ಕು ತೆಗೆದು, ಮುಚ್ಚಳಕ್ಕೆ ನೀರು ಮಜ್ಜಿಗೆ ಬಗ್ಗಿಸಿ ನನ್ನ ಮುಂದೆ ಹಿಡಿದಳು.

"ಇವತ್ತು ಡ್ರೈವ್ ಮಾಡ್ತಿಲ್ವಲ್ಲ," ಎಂದಳು, "ಕುಡೀರಿ."